ಕೊಹಿಮಾದಲ್ಲಿ ಹಸಿದ ದಂಡು, ನಡೆಯದೇ ಹೋದ ವಿಚಾರಣೆ

ನಮಸ್ಕಾರ. ಕೊಹಿಮಾದ ಯುದ್ಧ ಸ್ಮಶಾನಕ್ಕೆ ಹೋಗಿಬಂದವರು ಅಲ್ಲಿನ ಸಮಾಧಿಗಳ ನಡುವೆ ಟೆನಿಸ್ ಅಂಗಳವೊಂದರ ಗೆರೆಗಳನ್ನು ನೋಡಿರುತ್ತೀರಿ. ಅಂಗಳ ಈಗ ಇಲ್ಲ, ಗೆರೆಗಳನ್ನು ಮಾತ್ರ ಕಾಂಕ್ರೀಟಿನಲ್ಲಿ ಗುರುತು ಮಾಡಿ ಉಳಿಸಿದ್ದಾರೆ. 1944ರ ಏಪ್ರಿಲಿನಲ್ಲಿ ಅದರ ಒಂದು ಅಂಚಿನಲ್ಲಿ ಬ್ರಿಟಿಷ್ ಮತ್ತು ಭಾರತೀಯ ಸೈನಿಕರು, ಇನ್ನೊಂದು ಅಂಚಿನಲ್ಲಿ ಜಪಾನಿನ 31ನೇ ಡಿವಿಷನ್ನಿನವರು ಗುಂಡಿ ತೋಡಿಕೊಂಡು ಕೂತು, ಹಗಲೂ ರಾತ್ರಿ ಕೈಬಾಂಬುಗಳನ್ನು ಎಸೆದಾಡಿದರು. ಆಚೆ ಅಂಚಿನಲ್ಲಿದ್ದ ಆ ಡಿವಿಷನ್ನಿನ ಕಥೆಯನ್ನು ನಾವು ಯುದ್ಧದ ಕಥೆಯಾಗಿ ಹೇಳುತ್ತೇವೆ. ನನ್ನ ಅಭಿಪ್ರಾಯದಲ್ಲಿ ಅದು ಮೊದಲಿಗೆ ಅಕ್ಕಿಯ ಕಥೆ.

31ನೇ ಡಿವಿಷನ್ ಹಳೆಯ ದಂಡೇನೂ ಅಲ್ಲ. ಅದನ್ನು 1943ರಲ್ಲಿ ಬೇರೆ ಬೇರೆ ಡಿವಿಷನ್ನುಗಳಿಂದ ತೆಗೆದ 58, 124 ಮತ್ತು 138ನೇ ರೆಜಿಮೆಂಟುಗಳನ್ನು ಜೋಡಿಸಿ ಕಟ್ಟಲಾಯಿತು. ಇವುಗಳಲ್ಲಿ 124ನೆಯದು ಪೆಸಿಫಿಕ್ ಸಾಗರದ ಗ್ವಾಡಲ್‌ಕೆನಾಲ್ ದ್ವೀಪದಲ್ಲಿ ಆಗಲೇ ಹಸಿವಿನ ರುಚಿ ಕಂಡಿತ್ತು. ಡಿವಿಷನ್ನಿನ ದಂಡನಾಯಕ ಲೆಫ್ಟಿನೆಂಟ್ ಜನರಲ್ ಕೊಟೊಕು ಸಾಟೊ. ಅವನ ಮೇಲಧಿಕಾರಿ, 15ನೇ ಸೈನ್ಯದ ರೆನ್ಯಾ ಮುಟಗುಚಿ. ಇಬ್ಬರೂ ಸೈನ್ಯದೊಳಗಿನ ಎದುರುಬದುರು ಬಣಗಳಿಗೆ ಸೇರಿದವರಾಗಿದ್ದು, ಅವರ ನಡುವಿನ ಹಗೆ ಯುದ್ಧಕ್ಕಿಂತ ಹಳೆಯದು.

ಮುಟಗುಚಿಯ ಲೆಕ್ಕ ಹೀಗಿತ್ತು: ಪ್ರತಿ ಸೈನಿಕ ಮೂರು ವಾರಗಳ ಬುತ್ತಿ ಹೊತ್ತು ಬರ್ಮಾದ ಚಿಂದ್ವಿನ್ ನದಿ ದಾಟಿ ಭಾರತದೊಳಕ್ಕೆ ನುಗ್ಗಬೇಕು, ಜೊತೆಗೆ ಹೊಡೆದುಕೊಂಡು ಹೋಗುವ ದನಗಳೇ ಸರಕು ಹೊತ್ತು ಕೊನೆಗೆ ಊಟವೂ ಆಗಬೇಕು, ಅಷ್ಟರೊಳಗೆ ಬ್ರಿಟಿಷರ ಉಗ್ರಾಣಗಳು ಕೈಗೆ ಬಿದ್ದಿರಬೇಕು. ಹೊಟ್ಟೆಗೆ ಹಿಟ್ಟಿಲ್ಲದಿದ್ದರೂ ಜುಟ್ಟಿಗೆ ಮಲ್ಲಿಗೆ ಎಂದು ನಮ್ಮ ಕಡೆ ಹೇಳುವುದು ಇಂಥದ್ದಕ್ಕೇ. ದನಗಳಲ್ಲಿ ಎಷ್ಟೋ ನದಿಯಲ್ಲೇ ಮುಳುಗಿದವು, ಮಿಕ್ಕವುಗಳಲ್ಲಿ ಅನೇಕವು ಬೆಟ್ಟದ ಕಡಿದಾದ ದಾರಿಯಲ್ಲಿ ಬಿದ್ದು ಸತ್ತವು. ಹೊರಡುವ ಮುನ್ನ ಸಾಟೊ ತನ್ನ ಅಧಿಕಾರಿಗಳಿಗೆ, ಪವಾಡವೊಂದು ನಡೆಯದಿದ್ದರೆ ನಿಮ್ಮೆಲ್ಲರ ಜೀವ ಹೋಗುವ ಸಂಭವವೇ ಹೆಚ್ಚು, ಅದೂ ಗುಂಡಿನಿಂದಲೇ ಎಂದುಕೊಳ್ಳಬೇಡಿ, ಹಸಿವಿನಿಂದ ಸಾಯಲೂ ಸಿದ್ಧರಾಗಿರಿ ಎಂಬರ್ಥದ ಮಾತು ಹೇಳಿದ್ದ. ಇದನ್ನು ತಿಳಿದೂ ಅವನು ಹೊರಟ ಎಂಬುದನ್ನು ಅವನನ್ನು ಹೊಗಳುವವರು ಮರೆಯುತ್ತಾರೆ.

ಮಾರ್ಚ್ 15ರ ಸುಮಾರಿಗೆ ನದಿ ದಾಟಿದ ದಂಡಿನ ಒಂದು ಭಾಗ, ಮೇಜರ್ ಜನರಲ್ ಮಿಯಜಾಕಿಯ ನೇತೃತ್ವದಲ್ಲಿ, ದಾರಿ ಬಿಟ್ಟು ಸಾಂಗ್‌ಶಾಕ್ ಹಳ್ಳಿಯಲ್ಲಿ 50ನೇ ಭಾರತೀಯ ಪ್ಯಾರಾಚೂಟ್ ಬ್ರಿಗೇಡಿನ ಮೇಲೆ ಬಿತ್ತು. ಆ ಬ್ರಿಗೇಡ್ ಕೊನೆಗೆ ಹಿಂದೆ ಸರಿಯಿತಾದರೂ ಮಿಯಜಾಕಿಯ ಅಮೂಲ್ಯ ದಿನಗಳನ್ನು ತಿಂದುಹಾಕಿತ್ತು. ಮೂರು ವಾರದ ಬುತ್ತಿಯಲ್ಲಿ ಒಂದೊಂದು ದಿನವೂ ಒಂದೊಂದು ಊಟ ತಾನೆ? ಏಪ್ರಿಲ್ 4ರ ಹೊತ್ತಿಗೆ ಅವರು ಕೊಹಿಮಾ ತಲುಪಿದರು. ಸುಮಾರು 2,500 ಜನರಿದ್ದ, ಅವರಲ್ಲೂ ಅನೇಕರು ಹೋರಾಡುವವರೇ ಅಲ್ಲದ ಸಣ್ಣ ಕಾವಲುಪಡೆಯನ್ನು ಎರಡು ವಾರ ಮುತ್ತಿಗೆ ಹಾಕಿಯೂ, ಬಿಡಿಸಿ ಹೊತ್ತುತಂದಿದ್ದ ಬೆಟ್ಟದ ಫಿರಂಗಿಗಳನ್ನು ಬಿಟ್ಟರೆ ಬೇರೆ ದೊಡ್ಡ ಬಲವಿಲ್ಲದ ಈ ದಂಡಿಗೆ ಕೊಹಿಮಾದ ದಿಣ್ಣೆಯನ್ನು ಪೂರ್ತಿ ಹಿಡಿಯಲಾಗಲಿಲ್ಲ.

ಬ್ರಿಟಿಷರ ದಂಡನಾಯಕ ಸ್ಲಿಮ್, ಸಾಟೊ ಕೊಹಿಮಾವನ್ನು ಬಿಟ್ಟು ಬ್ರಿಟಿಷರ ಸರಬರಾಜು ನೆಲೆಯಾಗಿದ್ದ ಡಿಮಾಪುರದ ರೈಲು ನಿಲ್ದಾಣದತ್ತ ನುಗ್ಗಬೇಕಿತ್ತು, ಅವನಿಗೆ ಅಷ್ಟು ಕಲ್ಪನೆಯಿರಲಿಲ್ಲ ಎಂದು ಲೇವಡಿ ಮಾಡಿದ್ದಾನೆ. ಮುಟಗುಚಿ ಹಾಗೆ ನುಗ್ಗಲು ಹೇಳಿದ್ದು ನಿಜ. ಅದನ್ನು ತಡೆದವನು ಅವನಿಗೂ ಮೇಲಿದ್ದ ಬರ್ಮಾ ಪ್ರದೇಶ ಸೈನ್ಯದ ಕವಾಬೆ. ಆ ತಪ್ಪನ್ನು ಸಾಟೊನ ತಲೆಗೆ ಕಟ್ಟುವುದು ಅನ್ಯಾಯ.

ಮೇ ತಿಂಗಳಿಗೆ ಮಳೆ ಹಿಡಿಯಿತು. ಬುತ್ತಿ ಯಾವಾಗಲೋ ಮುಗಿದಿತ್ತು. ಸೈನಿಕರು ಅಂಗಾಮಿ ನಾಗಾಗಳ ಕಣಜಗಳಿಗೆ ಕೈಹಾಕಿದರು, ಕೋಳಿ ಹಂದಿಗಳನ್ನು ಹಿಡಿದರು, ಕೊನೆಗೆ ಹುಲ್ಲು ಬೇರುಗಳನ್ನೂ ತಿಂದರು. ಬೆಟ್ಟದ ಮೆಟ್ಟಿಲುಗದ್ದೆಗಳಲ್ಲಿ ಬೆಳೆದ ಭತ್ತವನ್ನು ಆ ಹಳ್ಳಿಗಳು ಯಾರದೋ ಯುದ್ಧಕ್ಕೆ ಕಳೆದುಕೊಂಡವು. ಒಂದು ಕಾಳು ಅಕ್ಕಿ, ಒಂದು ಗುಂಡು ಬಂದಿಲ್ಲವೆಂದು ಮತ್ತೆ ಮತ್ತೆ ತಂತಿ ಕಳಿಸಿದ ಸಾಟೊ, ಮೇ ಕೊನೆಯಲ್ಲಿ ಅಪ್ಪಣೆಯಿಲ್ಲದೆಯೇ ಡಿವಿಷನ್ನನ್ನು ಹಿಂತೆಗೆದ. ಮಿಯಜಾಕಿಯ ಸಣ್ಣ ಪಡೆ ಹಿಂದುಳಿದು ದಾರಿ ತಡೆಯಿತು. ಜಪಾನೀಯರು ಮುಚ್ಚಿದ್ದ ಕೊಹಿಮಾ–ಇಂಫಾಲ್ ರಸ್ತೆ ಜೂನ್ 22ಕ್ಕೆ ಮತ್ತೆ ತೆರೆಯಿತು. ಮರಳುವ ಹಾದಿಯಲ್ಲಿ ಆಮಶಂಕೆ, ಬೆರಿಬೆರಿ ಮತ್ತು ಹಸಿವಿನಿಂದ ಬಿದ್ದವರು ಎಷ್ಟು ಮಂದಿಯೆಂದರೆ, ಬದುಕಿ ಬಂದವರು ಅದನ್ನು ಬಿಳಿ ಮೂಳೆಗಳ ದಾರಿ ಎಂದು ಕರೆದರು.

ಜುಲೈಯಲ್ಲಿ ಸಾಟೊನನ್ನು ಹುದ್ದೆಯಿಂದ ತೆಗೆದರು. ಜಪಾನಿ ಸೇನಾ ಸಂಪ್ರದಾಯದಂತೆ ಅವನು ಹೊಟ್ಟೆ ಸೀಳಿಕೊಂಡು ಪ್ರಾಣ ಬಿಡಲಿಲ್ಲ. ನನ್ನನ್ನು ಸೈನಿಕ ನ್ಯಾಯಾಲಯಕ್ಕೆ ಒಪ್ಪಿಸಿ, ಅಲ್ಲಿ ಮಾತಾಡುತ್ತೇನೆ ಎಂದ. ಡಿವಿಷನ್ ದಂಡನಾಯಕನ ನೇಮಕ ಚಕ್ರವರ್ತಿಯ ಹೆಸರಿನಲ್ಲಿ ಆಗುವಂಥದ್ದು, ಆದ್ದರಿಂದ ವಿಚಾರಣೆ ನಡೆದರೆ ಮಾತು ಎಲ್ಲಿಯವರೆಗೆ ಹೋಗುತ್ತದೆಂದು ಹೇಳಲಾಗುತ್ತಿರಲಿಲ್ಲ. ಸೈನ್ಯ ವೈದ್ಯರನ್ನು ಕಳಿಸಿತು. ಅವನ ಮನಸ್ಸು ಸ್ಥಿಮಿತದಲ್ಲಿಲ್ಲ, ವಿಚಾರಣೆಗೆ ಅರ್ಹನಲ್ಲ ಎಂದು ಬರೆಸಿ ಕಡತ ಮುಚ್ಚಲಾಯಿತು. ಅಕ್ಕಿಯಿಲ್ಲದೆ ಈ ದಂಡನ್ನು ಕಳಿಸಿದ್ದು ಯಾರು ಎಂಬ ಪ್ರಶ್ನೆ ನ್ಯಾಯಾಲಯದಲ್ಲಿ ಏಳಬಾರದೆಂಬ ಕಾರಣಕ್ಕೇ ಅವನನ್ನು ಹುಚ್ಚನನ್ನಾಗಿ ಮಾಡಿದರು ಎಂದು ನಾನು ನಂಬುತ್ತೇನೆ. ಅವನು ಹೇಡಿಯಲ್ಲ, ಸಂತನೂ ಅಲ್ಲ. ತಡವಾಗಿ ಲೆಕ್ಕ ಹೇಳಿದ ಅಧಿಕಾರಿ.

ಡಿಮಾಪುರಕ್ಕೆ ನುಗ್ಗಿದ್ದರೆ ಗೆಲ್ಲುತ್ತಿದ್ದೆವೆಂದು ಮುಟಗುಚಿ 1966ರಲ್ಲಿ ಸಾಯುವ ತನಕ ವಾದಿಸುತ್ತಲೇ ಇದ್ದ. ಮಾರುತ್ತರ ಕೊಡಲು ಸಾಟೊ ಇರಲಿಲ್ಲ; ಅವನು 1959ರಲ್ಲೇ ತೀರಿಕೊಂಡಿದ್ದ.