ಹವಾಗುಣಕ್ಕೆ ಹೆಸರಿಡುವ ಲೆಕ್ಕ

ಕೇಳುಗರಿಗೆ ನಮಸ್ಕಾರ. ಒಂದು ಊರಿನ ಹವಾಗುಣ ಯಾವ ಬಗೆಯದೆಂದು ಹೇಳಲು ಇಪ್ಪತ್ನಾಲ್ಕು ಅಂಕಿ ಸಾಕು: ಹನ್ನೆರಡು ತಿಂಗಳ ಸರಾಸರಿ ಉಷ್ಣಾಂಶ, ಹನ್ನೆರಡು ತಿಂಗಳ ಮಳೆ. ಒಂದು ವರ್ಷದ ಅಂಕಿ ನಡೆಯದು. 30 ವರ್ಷಗಳ ಸರಾಸರಿ ಬೇಕು.

ಈ ಲೆಕ್ಕ ವ್ಲಾದಿಮಿರ್ ಕೋಪೆನ್ ಅವರದು. ಸಸ್ಯಶಾಸ್ತ್ರ ಓದಿದ್ದವರು, ಎಲ್ಲೆಲ್ಲಿ ಎಂಥ ಗಿಡಮರ ಬೆಳೆಯುತ್ತವೆ ಎಂಬುದನ್ನೇ ನೋಡಿ 1900ರಲ್ಲಿ ಗಡಿಗಳನ್ನು ಗುರುತಿಸಿದರು. 1936ರಲ್ಲೂ ಅದನ್ನು ತಿದ್ದುತ್ತಿದ್ದರು. ಗುಂಪುಗಳು ಐದು: ಎ ಉಷ್ಣವಲಯ, ಬಿ ಒಣ, ಸಿ ಸಮಶೀತೋಷ್ಣ, ಡಿ ಹಿಮಗಾಲದ ನಾಡು, ಇ ಧ್ರುವ ಪ್ರದೇಶ.

ಅತಿ ತಂಪಿನ ತಿಂಗಳಲ್ಲೂ 18 ಡಿಗ್ರಿ ಇದ್ದರೆ ಎ. ಆದರೆ ಇಷ್ಟು ನೋಡಿಯೇ ಎ ಎಂದು ಬರೆದುಬಿಟ್ಟರೆ ತಪ್ಪಾಗುತ್ತದೆ, ಬಿಸಿಯಾದರೂ ಒಣಗಿದ ನಾಡಿಗೆ ಬೇರೆ ಪರೀಕ್ಷೆ ಇದೆ. ಎ, ಸಿ, ಡಿಗಳಿಗಿಂತ ಮೊದಲು ಬಿ ನೋಡಬೇಕು.

ಬಿ ಪರೀಕ್ಷೆ ಹೀಗೆ: ವಾರ್ಷಿಕ ಸರಾಸರಿ ಉಷ್ಣಾಂಶವನ್ನು 20ರಿಂದ ಗುಣಿಸಿ. ಏಪ್ರಿಲ್‌ನಿಂದ ಸೆಪ್ಟೆಂಬರ್‌ವರೆಗೆ ಶೇಕಡಾ 70 ಅಥವಾ ಹೆಚ್ಚು ಮಳೆ ಬಿದ್ದರೆ 280 ಕೂಡಿಸಿ. 30ರಿಂದ 70ರೊಳಗಿದ್ದರೆ 140. ಅದಕ್ಕೂ ಕಡಿಮೆಯಾದರೆ ಏನೂ ಬೇಡ. ಬಂದ ಮೊತ್ತಕ್ಕಿಂತ ವರ್ಷದ ಮಳೆ, ಮಿಲಿಮೀಟರ್‌ಗಳಲ್ಲಿ, ಕಡಿಮೆಯಿದ್ದರೆ ಅರೆಶುಷ್ಕ. ಅರ್ಧಕ್ಕಿಂತಲೂ ಕಡಿಮೆಯಿದ್ದರೆ ಮರುಭೂಮಿ.

ನಮ್ಮ ಬಯಲುಸೀಮೆಯಲ್ಲಿ ಎಡವುವುದು ಇಲ್ಲಿಯೇ. ಸರಾಸರಿ 27 ಡಿಗ್ರಿ, ಮಳೆ 750 ಮಿಲಿಮೀಟರ್ ಎನ್ನಿ. ಮಳೆಯೆಲ್ಲ ಮುಂಗಾರಿನದಾದರೆ ಮಿತಿ 820, ಊರು ಅರೆಶುಷ್ಕ. ಹಿಂಗಾರು ಜೋರಾಗಿ ಮುಂಗಾರಿನ ಪಾಲು 70ಕ್ಕಿಂತ ಇಳಿದರೆ ಮಿತಿ 680, ಊರು ಎ ಗುಂಪಿಗೆ ಜಿಗಿಯುತ್ತದೆ! ಕೋಪೆನ್‌ಗೆ ಅಕ್ಟೋಬರ್ ಮಳೆ ಚಳಿಗಾಲದ್ದು, ನೀರು ಕಡಿಮೆ ಆವಿಯಾಗುವ ಕಾಲದ್ದು. ನಮ್ಮ ಅಕ್ಟೋಬರ್ ಬಿಸಿಲು ಬಲ್ಲವರು ಇದನ್ನು ಒಪ್ಪುವುದು ಕಷ್ಟ.

ಎ ಗುಂಪಿನೊಳಗೆ ಪ್ರತಿ ತಿಂಗಳೂ 60 ಮಿಲಿಮೀಟರ್ ಮಳೆಯಾದರೆ ನಿತ್ಯಮಳೆಯ ನಾಡು. ಇಲ್ಲವಾದರೆ ವರ್ಷದ ಮಳೆಯನ್ನು 25ರಿಂದ ಭಾಗಿಸಿ, 100ರಿಂದ ಕಳೆಯಿರಿ. ಅತಿ ಒಣ ತಿಂಗಳ ಮಳೆ ಈ ಉತ್ತರಕ್ಕೆ ಸಮ ಅಥವಾ ಹೆಚ್ಚಿದ್ದರೆ ಮಾನ್ಸೂನ್, ಕಡಿಮೆಯಿದ್ದರೆ ಸವಾನ್ನ, ಅಂದರೆ ಅಲ್ಲಲ್ಲಿ ಮರಗಳಿರುವ ಹುಲ್ಲುಗಾವಲಿನ ಬಗೆ. ಮಳೆ 2,500 ತಲುಪಿದರೆ ಉತ್ತರ ಸೊನ್ನೆ. ಹಾಗಾಗಿ 3,500 ದಾಟುವ ಮಂಗಳೂರಿನಲ್ಲಿ ಜನವರಿ ಪೂರ್ತಿ ಒಣಗಿದ್ದರೂ ಅದು ಮಾನ್ಸೂನ್ ಬಗೆಯೇ; ಸಾವಿರದ ಆಸುಪಾಸಿನ ಬೆಂಗಳೂರು ಸವಾನ್ನ.

ಉಳಿದವು ಸುಲಭ. ಅತಿ ಬಿಸಿ ತಿಂಗಳೂ 10 ಡಿಗ್ರಿ ಮುಟ್ಟದಿದ್ದರೆ ಇ. ಸಿ ಮತ್ತು ಡಿ ನಡುವಿನ ಗೆರೆಯನ್ನು ಅತಿ ತಂಪಿನ ತಿಂಗಳ ಉಷ್ಣಾಂಶ ನಿರ್ಧರಿಸುತ್ತದೆ. ಕೋಪೆನ್ ಮೈನಸ್ 3 ಡಿಗ್ರಿ ಎಂದರು, ಈಗ ಹಲವರು ಸೊನ್ನೆ ಬಳಸುತ್ತಾರೆ. ಎರಡು ನಕ್ಷೆಗಳಲ್ಲಿ ಒಂದೇ ಊರಿಗೆ ಬೇರೆ ಅಕ್ಷರ ಕಂಡರೆ ಮೊದಲು ಈ ಗೆರೆಯನ್ನು ನೋಡಿ.