ಅಲ್ಫಾನ್ಸೋ ಬೆಡೋಯಾ: ಹತ್ತು ವರ್ಷದ ಹಾಲಿವುಡ್

ಕೇಳುಗರಿಗೆ ನಮಸ್ಕಾರ.

ಹಳೆಯ ಕೌಬಾಯ್ ಚಿತ್ರಗಳ ಪೋಷಕ ನಟರಲ್ಲಿ ದನಿಯಿಂದಲೇ ನೆನಪಿನಲ್ಲಿ ಉಳಿಯುವವರು ಮೆಕ್ಸಿಕೋದ ಅಲ್ಫಾನ್ಸೋ ಬೆಡೋಯಾ. ಸೊನೋರಾ ರಾಜ್ಯದ ವೀಕಾಮ್‌ನಲ್ಲಿ 1904ರಲ್ಲಿ ಹುಟ್ಟಿದರು. ತಮ್ಮ ದೇಶದ ಚಿತ್ರಗಳಲ್ಲಿ ಪಳಗಿ, ನಲವತ್ತು ದಾಟಿದ ಮೇಲೆ ಹಾಲಿವುಡ್‌ಗೆ ಬಂದರು. ಅಲ್ಲಿ ಅವರಿಗೆ ಸಿಕ್ಕಿದ್ದು ಹತ್ತೇ ವರ್ಷ.

1948ರಲ್ಲಿ ತೆರೆಕಂಡ, ಜಾನ್ ಹ್ಯೂಸ್ಟನ್ ನಿರ್ದೇಶನದ 'ದಿ ಟ್ರೆಷರ್ ಆಫ್ ದಿ ಸಿಯೆರಾ ಮಾದ್ರೆ'ಯಲ್ಲಿ ಅವರು ದರೋಡೆಕೋರರ ನಾಯಕ ಗೋಲ್ಡ್ ಹ್ಯಾಟ್. ತೆರೆಯ ಮೇಲೆ ಬರುವುದು ಕೆಲವೇ ದೃಶ್ಯಗಳಲ್ಲಿ. ಬೆಟ್ಟದ ಮೇಲೆ ಬಂದು, ತಾವು ಪೊಲೀಸರು ಎನ್ನುತ್ತಾನೆ. ಚಿತ್ರದ ನಾಯಕ ನಟ ಹಂಫ್ರಿ ಬೋಗಾರ್ಟ್ ಬ್ಯಾಡ್ಜ್ ಎಲ್ಲಿ ಎಂದು ಕೇಳುತ್ತಾರೆ. ಆಗ ಬೆಡೋಯಾ ಮಾಡುವುದನ್ನು ಕಿವಿಗೊಟ್ಟು ಕೇಳಬೇಕು. ಉತ್ತರದಲ್ಲಿ ಬ್ಯಾಡ್ಜ್ ಎಂಬ ಪದ ನಾಲ್ಕು ಸಲ ಬರುತ್ತದೆ. ಮೊದಲ ಸಲ ಅದು ಪ್ರಶ್ನೆ. ಆಮೇಲೆ ನಮ್ಮ ಬಳಿ ಇಲ್ಲ, ನಮಗೆ ಬೇಕಿಲ್ಲ, ನಿನಗೆ ತೋರಿಸಬೇಕಾಗಿಯೂ ಇಲ್ಲ ಎಂದು ಒಂದೊಂದೇ ಮೆಟ್ಟಿಲು ಏರುತ್ತದೆ. ಅಲ್ಲಿಯವರೆಗೆ ಹಲ್ಲು ಕಾಣುವಂತೆ ನಗುತ್ತಿದ್ದವನ ಸಿಟ್ಟು ಕೊನೆಯ ಮೆಟ್ಟಿಲಿನಲ್ಲಿ ಒಡೆಯುತ್ತದೆ. ಮೊದಲ ಪದಕ್ಕೇ ಕಿರುಚಿದ್ದರೆ ಏರಲು ಜಾಗವೇ ಉಳಿಯುತ್ತಿರಲಿಲ್ಲ. 2005ರಲ್ಲಿ ಅಮೆರಿಕನ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಪಟ್ಟಿಮಾಡಿದ ನೂರು ಸಂಭಾಷಣೆಗಳಲ್ಲಿ ಇದಕ್ಕೆ 36ನೇ ಸ್ಥಾನ. ಜನ ಸಾಮಾನ್ಯವಾಗಿ ಹೇಳುವ ಚಿಕ್ಕ ರೂಪ ಮಾತ್ರ ಬೆಡೋಯಾ ಅವರದಲ್ಲ. ಅದು 1974ರ 'ಬ್ಲೇಜಿಂಗ್ ಸ್ಯಾಡಲ್ಸ್'ನ ಅಣಕದಿಂದ ಹರಡಿದ್ದು. ಅಣಕದಲ್ಲಿ ಆ ಮೆಟ್ಟಿಲುಗಳೇ ಇಲ್ಲ.

ಅದೇ ಚಿತ್ರದ ಕೊನೆಯಲ್ಲಿ, ತನಗೆ ಗುಂಡಿಕ್ಕುವ ಮುನ್ನ, ಬಿದ್ದ ಟೋಪಿ ಎತ್ತಿಕೊಳ್ಳಲು ಗೋಲ್ಡ್ ಹ್ಯಾಟ್ ಅನುಮತಿ ಕೇಳುತ್ತಾನೆ. ಮಾತು ಸ್ಪ್ಯಾನಿಷ್. ಆ ಭಾಷೆ ತಿಳಿಯದವರಿಗೂ ಅರ್ಥ ದಾಟುತ್ತದೆ, ದನಿಯಲ್ಲಿ ಅಷ್ಟು ಸರಾಗ.

ಮುಂದೆ ಸ್ಟುಡಿಯೋಗಳು ಅವರ ಮುಖವನ್ನಷ್ಟೇ ಕಂಡವು. 'ಸ್ಟ್ರೀಟ್ಸ್ ಆಫ್ ಲರೇಡೋ', 'ಬಾರ್ಡರ್ ಇನ್ಸಿಡೆಂಟ್' ಎರಡೂ 1949ರವು, ಎರಡರಲ್ಲೂ ಕೇಡಿಗ. ರ‍್ಯಾಂಡಾಲ್ಫ್ ಸ್ಕಾಟ್ ನಾಯಕನಾದ ಮೂರು ಚಿತ್ರಗಳಲ್ಲೂ ಇದ್ದಾರೆ. ಅತಿ ದೊಡ್ಡ ಅನ್ಯಾಯ ನಡೆದದ್ದು 1950ರ 'ದಿ ಬ್ಲ್ಯಾಕ್ ರೋಸ್'ನಲ್ಲಿ. ಪಾತ್ರದ ಹೆಸರು ಲು ಚುಂಗ್, ಚೀನೀ ಹೆಸರು. ಮೆಕ್ಸಿಕನ್ ಉಚ್ಚಾರ ಅದಕ್ಕೆ ಹೊಂದುವುದೇ ಇಲ್ಲ, ಆಯ್ಕೆಯೇ ತಪ್ಪು. ಕೊನೆಗೆ ಬ್ರಿಟಿಷ್ ನಟ ಪೀಟರ್ ಸೆಲ್ಲರ್ಸ್ ದನಿ ಕೊಟ್ಟರು. ತುಟಿ ಬೆಡೋಯಾ ಅವರದು, ಮಾತು ಇನ್ನೊಬ್ಬರದು. ಅವರ ಜೀವಾಳವನ್ನೇ ಕಿತ್ತಿಟ್ಟ ಹಾಗೆ.

1957ರ ಡಿಸೆಂಬರ್‌ನಲ್ಲಿ ಮೆಕ್ಸಿಕೋ ನಗರದಲ್ಲಿ ತೀರಿಕೊಂಡರು, ವಯಸ್ಸು 53. ವಿಲಿಯಮ್ ವೈಲರ್ ನಿರ್ದೇಶಿಸಿದ 'ದಿ ಬಿಗ್ ಕಂಟ್ರಿ' ತೆರೆಗೆ ಬಂದದ್ದು ಮರುವರ್ಷ. ಅದರಲ್ಲಿ ಅವರು ರಮೋನ್, ಜಾನುವಾರು ಸಾಕುವ ದೊಡ್ಡ ಹಿಡುವಳಿಯೊಂದರ ಆಳು. ಗ್ರೆಗರಿ ಪೆಕ್ ಪಳಗದ ಕುದುರೆಯ ಮೇಲಿಂದ ಮತ್ತೆ ಮತ್ತೆ ಬೀಳುವಾಗ ನೋಡುತ್ತಿರುವವನು ಈ ರಮೋನ್ ಒಬ್ಬನೇ. ಕೊನೆಗೆ ಕುದುರೆ ಪಳಗುತ್ತದೆ. ಇದನ್ನು ಯಾರಿಗೂ ಹೇಳಬೇಡ ಎಂದು ಪೆಕ್ ಮಾತು ತೆಗೆದುಕೊಳ್ಳುತ್ತಾರೆ. ಚಿತ್ರ ಸಿಕ್ಕರೆ ಆ ದೃಶ್ಯದಲ್ಲಿ ಕುದುರೆಯನ್ನು ಬಿಟ್ಟು ರಮೋನ್‌ನನ್ನೇ ನೋಡಿ.

ನಮಸ್ಕಾರ.