ಸೆಕೆಂಡ್ ಬೆಸ್ಟ್ ಫ್ರೆಂಡ್ ಪಾತ್ರದಲ್ಲೇ ಮೆರೆದ ಮ್ಯಾಗ್ಡಾ

ಎಲ್ರಿಗೂ ನಮಸ್ಕಾರ. ಇವತ್ತು ಒಬ್ಬ ಆಸ್ಟ್ರೇಲಿಯನ್ ನಟಿ ಬಗ್ಗೆ ಮಾತಾಡೋಣ ಅಂತಿದ್ದೀನಿ, ಹೆಸರು ಮ್ಯಾಗ್ಡಾ ಶುಬಾನ್ಸ್ಕಿ. ಯಾರಪ್ಪಾ ಇದು ಅಂದ್ಕೋಬೇಡಿ, ಹೆಸರು ಗೊತ್ತಿಲ್ದಿದ್ರೂ ಮುಖ ನೋಡಿರೋ ಚಾನ್ಸ್ ಜಾಸ್ತಿ. 1995ರಲ್ಲಿ ಬೇಬ್ ಅಂತ ಒಂದು ಸಿನಿಮಾ ಬಂತು ನೋಡಿ, ಒಂದು ಹಂದಿಮರಿ ನಾಯಿ ಥರ ಕುರಿ ಕಾಯೋದು ಕಲಿಯುತ್ತಲ್ಲ, ಅದು. ಅದ್ರಲ್ಲಿ ರೈತನ ಹೆಂಡ್ತಿ ಎಸ್ಮಿ ಹಾಗೆಟ್ ಇದ್ದಾಳಲ್ಲ, ಗುಂಡು ಗುಂಡಗೆ, ಕೆಂಪು ಕೆನ್ನೆ, ಗಂಡ ಬಾಯೇ ಬಿಡಲ್ಲ ಇವಳು ಬಾಯಿ ಮುಚ್ಚಲ್ಲ, ಅದೇ ಮ್ಯಾಗ್ಡಾ.

ಈಗ ಒಂದು ಲೆಕ್ಕ ಹೇಳ್ತೀನಿ ಕೇಳಿ. ಗಂಡನ ಪಾತ್ರ ಮಾಡಿದ ಜೇಮ್ಸ್ ಕ್ರಾಮ್‌ವೆಲ್ ಹುಟ್ಟಿದ್ದು 1940ರಲ್ಲಿ, ಮ್ಯಾಗ್ಡಾ ಹುಟ್ಟಿದ್ದು 1961ರಲ್ಲಿ. ಅಂದ್ರೆ 21 ವರ್ಷ ವ್ಯತ್ಯಾಸ! ಮೂವತ್ತು ದಾಟಿ ಮೂರ್ನಾಲ್ಕು ವರ್ಷ ಆಗಿತ್ತು ಅಷ್ಟೇ, ಮೇಕಪ್ ಹಾಕಿ, ಅಜ್ಜಿ ವಯಸ್ಸಿನ ಹೆಂಗಸಾಗಿ ನಿಂತ್ರು, ಸಿನಿಮಾ ನೋಡಿದ ಯಾರಿಗೂ ಡೌಟೇ ಬರಲಿಲ್ಲ. ಬೇರೆ ನಟಿಯರು ಆ ವಯಸ್ಸಲ್ಲಿ ಹೀರೋಯಿನ್ ರೋಲ್ ಕೈಬಿಟ್ಟು ಹೋಗಬಾರ್ದು ಅಂತ ಒದ್ದಾಡ್ತಿರ್ತಾರೆ, ಇವರು ತಲೆನೇ ಕೆಡಿಸ್ಕೊಳ್ಳಲಿಲ್ಲ. ನನಗೆ ಇವರ ಇಡೀ ಕೆರಿಯರ್ ಹಿಂಗೇ ಕಾಣ್ಸುತ್ತೆ, ಮಧ್ಯದ ಜಾಗ ಯಾರಿಗಾದ್ರೂ ಇರ್ಲಿ, ಪಕ್ಕದ ಜಾಗ ನಂಗೆ ಕೊಡಿ, ಆಮೇಲೆ ಜನ ಯಾರನ್ನ ನೋಡ್ತಾರೆ ನೋಡೋಣ ಅನ್ನೋ ಥರ.

ಹುಟ್ಟಿದ್ದು ಇಂಗ್ಲೆಂಡಿನ ಲಿವರ್‌ಪೂಲ್‌ನಲ್ಲಿ. ಅಮ್ಮ ಸ್ಕಾಟ್ಲೆಂಡ್ ಕಡೆಯವರು, ಅಪ್ಪ ಪೋಲೆಂಡಿನ ವಾರ್ಸಾದವರು. 1966ರಲ್ಲಿ ಇಡೀ ಫ್ಯಾಮಿಲಿ ಮೆಲ್ಬರ್ನ್‌ಗೆ ಬಂತು, ಆಗ ಈ ಹುಡುಗಿಗೆ ಐದು ವರ್ಷ. ಕ್ರಾಯ್ಡನ್ ಅನ್ನೋ ಸಬರ್ಬ್‌ನಲ್ಲಿ ಬೆಳೆದ್ರು. ಅಪ್ಪ ಮಗಳನ್ನ ಟೆನಿಸ್ ಆಟಗಾರ್ತಿ ಮಾಡ್ಬೇಕು ಅಂತ ಪಟ್ಟು ಹಿಡಿದಿದ್ರಂತೆ. ಮಗಳು ಯೂನಿವರ್ಸಿಟಿ ಆಫ್ ಮೆಲ್ಬರ್ನ್ ಸೇರಿ, ಅಲ್ಲಿ ಕಾಲೇಜ್ ಹುಡುಗರ ಹಾಸ್ಯ ಪ್ರದರ್ಶನಗಳಲ್ಲಿ ಸ್ಟೇಜ್ ಹತ್ತಿದ್ರು. ಆಸ್ಟ್ರೇಲಿಯಾದ ಎಬಿಸಿ ಚಾನೆಲ್‌ನೋರು ನೋಡಿ ಕರ್ಕೊಂಡು ಹೋದ್ರು, 1986ರಲ್ಲಿ ದಿ ಡಿ-ಜನರೇಷನ್ ಅನ್ನೋ ಸ್ಕೆಚ್ ಕಾಮಿಡಿ ಶೋ, ಅಂದ್ರೆ ಚಿಕ್ಕ ಚಿಕ್ಕ ತಮಾಷೆ ಪ್ರಸಂಗಗಳದ್ದು. ಅದಾದ್ಮೇಲೆ 1989ರಲ್ಲಿ ಸೆವೆನ್ ಚಾನೆಲ್‌ನಲ್ಲಿ ಫಾಸ್ಟ್ ಫಾರ್ವರ್ಡ್, ಅದು ಭಾರೀ ಹಿಟ್.

ಫಾಸ್ಟ್ ಫಾರ್ವರ್ಡ್‌ನಲ್ಲಿ ಇವರು ಹಾಕಿದ ವೇಷ ಒಂದಾ ಎರಡಾ. ಪಿಕ್ಸಿ-ಆ್ಯನ್ ಅಂತ ಟಿವಿ ರಿಪೋರ್ಟರ್, ಮುಖದ ಮೇಲೆ ನಗು ಅಂಟಿಸ್ಕೊಂಡಿರ್ತಾಳೆ, ತಲೆಲಿ ಏನೂ ಇಲ್ಲ. ಮೇರಿ ಮೆಗ್ರೆಗರ್ ಅಂತ ಸ್ಕಾಟಿಷ್ ಹೆಂಗಸು, ಆ ಉಚ್ಚಾರಣೆ ಕಲಿಯೋಕೆ ಹೊರಗೆಲ್ಲೂ ಹೋಗ್ಬೇಕಿರಲಿಲ್ಲ, ಅಮ್ಮ ಮನೇಲೇ ಇದ್ರು. ಇನ್ನು ಲಿನ್ ಪಾಸಲ್‌ತ್ವೇಟ್ ಅನ್ನೋ ಹೆಂಗಸು, ನಾನಂದೆ ಚಿನ್ನಾ, ನಾನಂದೆ ಮುದ್ದೂ ಅಂತ ಕಥೆ ಶುರು ಮಾಡಿದ್ರೆ ಮುಗಿಯೋ ಮಾತೇ ಇಲ್ಲ, ಇಂಥೋರು ಎಲ್ಲಾ ಬೀದಿಯಲ್ಲೂ ಒಬ್ಬರು ಇರ್ತಾರೆ ಬಿಡಿ, ಹೆಸರು ಹೇಳೋದು ಬೇಡ.

ಅಲ್ಲೇ ಜೊತೆಗಿದ್ದೋರು ಜೀನಾ ರೈಲಿ, ಜೇನ್ ಟರ್ನರ್. ಈ ಮೂರು ಜನ ಸೇರಿ 1994ರಲ್ಲಿ ಬಿಗ್ ಗರ್ಲ್ಸ್ ಬ್ಲೌಸ್ ಅಂತ ತಮ್ಮದೇ ಶೋ ಮಾಡಿದ್ರು, ಹೆಂಗಸರೇ ಸೇರಿ ಕಾಮಿಡಿ ಮಾಡೋದು ಆಗ ಅಲ್ಲಿ ಅಪರೂಪ. ಅದ್ರಲ್ಲಿ ಒಂದು ಸಣ್ಣ ಸ್ಕೆಚ್ ಇತ್ತು, ತಾಯಿ ಮಗಳು ಇಬ್ಬರೂ ಕಿತ್ತಾಡ್ಕೊಂಡು ಮದುವೆ ತಯಾರಿ ಮಾಡೋದು. ಅದೇ ಬೆಳೆದು ಬೆಳೆದು 2002ರಲ್ಲಿ ಎಬಿಸಿಯಲ್ಲಿ ಕ್ಯಾತ್ ಅಂಡ್ ಕಿಮ್ ಆಯ್ತು.

ಇಲ್ಲಿ ಸ್ವಲ್ಪ ನಿಲ್ತೀನಿ, ಯಾಕಂದ್ರೆ ಆಸ್ಟ್ರೇಲಿಯಾದಲ್ಲಿ ಮ್ಯಾಗ್ಡಾ ಅಂದ್ರೆ ಜನ ಮೊದಲು ನೆನೆಸ್ಕೊಳ್ಳೋದೇ ಈ ಸೀರಿಯಲ್ಲು. ಫೌಂಟನ್ ಲೇಕ್ಸ್ ಅಂತ ಮೆಲ್ಬರ್ನ್‌ನಲ್ಲಿ ಒಂದು ಕಾಲ್ಪನಿಕ ಸಬರ್ಬ್, ಒಂದೇ ಥರದ ಹೊಸ ಮನೆಗಳು, ಶಾಪಿಂಗ್ ಮಾಲ್, ಮಿಡ್ಲ್ ಕ್ಲಾಸ್ ಆಸೆಗಳು. ಟರ್ನರ್ ತಾಯಿ ಕ್ಯಾತ್, ರೈಲಿ ಮಗಳು ಕಿಮ್, ಸ್ಕ್ರಿಪ್ಟ್ ಬರೆಯೋದೂ ಅವರಿಬ್ಬರೇ. ಮ್ಯಾಗ್ಡಾ ಮಾತ್ರ ಶ್ಯಾರನ್ ಸ್ಟ್ರೆಜ್ಲೆಕಿ. ಕಿಮ್ ಇವಳನ್ನ ಪರಿಚಯ ಮಾಡಿಸೋದು ಹೆಂಗೆ ಗೊತ್ತಾ, ಇವಳು ನನ್ನ ಸೆಕೆಂಡ್ ಬೆಸ್ಟ್ ಫ್ರೆಂಡ್ ಅಂತ! ಬೆಸ್ಟ್ ಫ್ರೆಂಡ್ ಕೂಡ ಅಲ್ಲ ಪಾಪ. ನೆಟ್‌ಬಾಲ್ ಹುಚ್ಚು, ಯಾವಾಗ್ಲೂ ಅದೇ ಸ್ಪೋರ್ಟ್ಸ್ ಡ್ರೆಸ್ಸು, ಕತ್ರಿಸಿದ ಕ್ರಾಪು, ಒಂದಿನ ಕುತ್ತಿಗೆಗೆ ಪಟ್ಟಿ ಇನ್ನೊಂದಿನ ಕಾಲಿಗೆ ಬ್ಯಾಂಡೇಜು, ತುಟಿ ಮೇಲೆ ಹುಣ್ಣು, ಪ್ರೀತಿ ಗೀತಿ ಯಾವ್ದೂ ಕೈಗೂಡಲ್ಲ. ನೆಟ್‌ಬಾಲ್ ಅಂದ್ರೆ ಬ್ಯಾಸ್ಕೆಟ್‌ಬಾಲ್ ಥರದ ಆಟ, ಅಲ್ಲಿ ಅದು ನಮ್ಮೂರ ಸ್ಕೂಲ್‌ಗಳಲ್ಲಿ ಹುಡುಗೀರಿಗೆ ಥ್ರೋಬಾಲ್ ಇದ್ದ ಹಾಗೆ, ಆದ್ರೆ ಅವರು ಸ್ಕೂಲ್ ಬಿಟ್ಮೇಲೂ ಬಿಡಲ್ಲ, ಮದುವೆಯಾಗಿ ಮಕ್ಕಳಾದ್ಮೇಲೂ ವೀಕೆಂಡ್ ಬಂದ್ರೆ ಆಡ್ತಿರ್ತಾರೆ. ಹಂಗಾಗಿ ಶ್ಯಾರನ್ ಬಂದ ತಕ್ಷಣ ಅಲ್ಲಿಯವರಿಗೆ, ಅರೆ ಇವಳು ನಮ್ಮ ಟೀಮಲ್ಲೇ ಇದ್ದಾಳಲ್ಲ ಅನ್ಸುತ್ತೆ.

ಕಿಮ್ ಒಬ್ಬಳು ಸೋಮಾರಿ, ಸ್ವಾರ್ಥಿ, ಎಲ್ರಿಗೂ ಕೆಲಸ ಹೇಳ್ತಾಳೆ. ಕ್ಯಾತ್‌ಗೆ ತನ್ನ ಅಲಂಕಾರ, ತನ್ನ ಗಂಡ. ಆ ಮನೇಲಿ ಬೇರೆಯವರ ಬಗ್ಗೆ ಯೋಚನೆ ಮಾಡೋಳು ಅಂದ್ರೆ ಶ್ಯಾರನ್ ಒಬ್ಬಳೇ, ಬೈಸ್ಕೊಳ್ಳೋದೂ ಅವಳೇ. ನಗಿಸೋಕೆ ಅಂತ ಇಟ್ಟ ಪಾತ್ರಕ್ಕೆ ಇಷ್ಟು ಪ್ರೀತಿ ಸಿಗೋ ಹಂಗೆ ಆಡೋದು ಸುಲಭ ಅಲ್ಲ ಸ್ವಾಮಿ, ದಪ್ಪಗಿರೋಳು ಬಿದ್ಲು ಅಂತ ನಗೋದು ಒಂದು ನಗು, ಬಿದ್ದೋಳು ಎದ್ದು ಮತ್ತೆ ಬಾಲ್ ಹಿಡ್ಕೊಂಡು ಓಡ್ತಾಳಲ್ಲ ಅಂತ ನಗೋದು ಬೇರೆ ನಗು, ಮ್ಯಾಗ್ಡಾ ನಮ್ಮನ್ನ ಎರಡ್ನೇ ನಗುವಿಗೆ ಕರ್ಕೊಂಡು ಹೋಗ್ತಾರೆ. 2008ರಲ್ಲಿ ಅಮೆರಿಕದವರು ಈ ಸೀರಿಯಲ್ ರೀಮೇಕ್ ಮಾಡಿದ್ರು, ಶ್ಯಾರನ್ ಪಾತ್ರನೇ ತೆಗೆದುಬಿಟ್ರು! ಒಂದೇ ಸೀಸನ್‌ಗೆ ಮುಚ್ಕೊಂಡು ಹೋಯ್ತು. ಅದೊಂದೇ ಕಾರಣ ಅಂತ ನಾನು ಹೇಳಲ್ಲ, ಆದ್ರೆ ಸಾರು ಮಾಡಿ ಉಪ್ಪು ಬಿಟ್ರೆ ಇನ್ನೇನಾಗುತ್ತೆ.

ಮಧ್ಯದಲ್ಲಿ 2000ದಲ್ಲಿ ಡಾಗ್‌ವುಮನ್ ಅಂತ ಮೂರು ಟೆಲಿಫಿಲ್ಮ್ ಬಂದ್ವು, ನಾಯಿಗಳ ಸ್ವಭಾವ ತಿಳಿದು ಕೇಸ್ ಬಿಡಿಸೋ ಹೆಂಗಸು, ಮ್ಯಾಗ್ಡಾನೇ ಲೀಡ್. ಚೆನ್ನಾಗಿತ್ತು, ಆದ್ರೆ ಮುಂದಕ್ಕೆ ಹೋಗಲಿಲ್ಲ. ಸ್ಟೇಜ್ ಮೇಲೆ ಮ್ಯೂಸಿಕಲ್‌ಗಳಲ್ಲಿ ಗಂಡಸಿನ ಪಾತ್ರಗಳನ್ನೂ ಮಾಡಿದ್ದಾರೆ. ಹ್ಯಾಪಿ ಫೀಟ್‌ನಲ್ಲಿ ಪೆಂಗ್ವಿನ್‌ಗೆ ದನಿ ಕೊಟ್ಟಿದ್ದಾರೆ.

ಈಗ ನಗಿಸೋ ವಿಷಯ ಬಿಟ್ಟು ಇನ್ನೊಂದು ಕಡೆ ಬರೋಣ. 2012 ಫೆಬ್ರವರಿ 14, ಪ್ರೇಮಿಗಳ ದಿನ, ದಿ ಪ್ರಾಜೆಕ್ಟ್ ಅನ್ನೋ ಟಿವಿ ಶೋನಲ್ಲಿ ಕೂತು ತಾನು ಸಲಿಂಗಿ ಅಂತ ಹೇಳಿದ್ರು. ವಯಸ್ಸು ಐವತ್ತು. ಕ್ಯಾಥೊಲಿಕ್ ಮನೆ, ಕಾನ್ವೆಂಟ್ ಸ್ಕೂಲು, ಊರಿಗೆಲ್ಲ ಗೊತ್ತಿರೋ ಮುಖ, ಎಷ್ಟು ವರ್ಷ ಎಷ್ಟು ಬಗೆಯ ಹೆಂಗಸರಾಗಿ ಟಿವಿಯಲ್ಲಿ ಕಾಣಿಸ್ಕೊಂಡ್ರೂ ಇದೊಂದು ಮಾತ್ರ ಹೇಳಿರಲಿಲ್ಲ. ಆಮೇಲೆ ಸುಮ್ನೆ ಕೂರಲಿಲ್ಲ. 2017ರಲ್ಲಿ ಸಲಿಂಗ ಮದುವೆಗೆ ಕಾನೂನು ಬೇಕಾ ಬೇಡ್ವಾ ಅಂತ ಸರ್ಕಾರ ಇಡೀ ದೇಶಕ್ಕೆ ಅಂಚೆಯಲ್ಲಿ ಪ್ರಶ್ನೆ ಕಳಿಸ್ತು, ಆಗ ಪ್ರಚಾರದಲ್ಲಿ ಮುಂದೆ ನಿಂತೋರಲ್ಲಿ ಇವರೂ ಒಬ್ಬರು, ಟಿವಿ ಚರ್ಚೆಯಲ್ಲಿ ಸಿಡ್ನಿಯ ಆರ್ಚ್‌ಬಿಷಪ್ ಜೊತೆ ಒಂದೇ ಟೇಬಲ್‌ನಲ್ಲಿ ಕೂತು ವಾದ ಮಾಡಿದ್ರು. ಶೇಕಡ 61.6 ಜನ ಬೇಕು ಅಂದ್ರು. ಮರುವರ್ಷ ನೇಬರ್ಸ್ ಧಾರಾವಾಹಿಯಲ್ಲಿ ಇಬ್ಬರು ಗಂಡಸರ ಮದುವೆ ಎಪಿಸೋಡ್ ಬಂತು, ಮದುವೆ ಮಾಡಿಸೋ ಪಾತ್ರ ಯಾರದ್ದು ಅಂತೀರಾ, ಮ್ಯಾಗ್ಡಾದ್ದೇ. ಅಲ್ಲೂ ನೋಡಿ, ಮದುವೆ ಬೇರೆಯವರದ್ದು, ಇವರು ಪಕ್ಕದಲ್ಲಿ. 2019ರಲ್ಲಿ ಆಫೀಸರ್ ಆಫ್ ದಿ ಆರ್ಡರ್ ಆಫ್ ಆಸ್ಟ್ರೇಲಿಯಾ ಗೌರವ ಬಂತು.

ತೂಕದ ವಿಷಯ ಮಾತ್ರ ನನಗೆ ಬೇಜಾರು. ಮಧ್ಯೆ ಕೆಲವು ವರ್ಷ ತೂಕ ಇಳಿಸೋ ಕಂಪನಿಯೊಂದರ ಜಾಹೀರಾತಿನ ಮುಖ ಆಗಿದ್ರು, ಇಳಿತು, ಮತ್ತೆ ಏರಿತು, ಪತ್ರಿಕೆಗಳಿಗೆ ಅದೇ ಸುದ್ದಿ. ಅಷ್ಟು ದೊಡ್ಡ ಕಲಾವಿದೆ, ಅವರ ನಟನೆ ಬಗ್ಗೆ ಬರೆದಿದ್ದಕ್ಕಿಂತ ಕಿಲೋ ಲೆಕ್ಕ ಬರೆದದ್ದೇ ಹೆಚ್ಚು ಅನ್ಸುತ್ತೆ ನನಗೆ.

2015ರಲ್ಲಿ ರೆಕನಿಂಗ್ ಅಂತ ಆತ್ಮಕಥೆ ಬರೆದ್ರು. ಕಾಮಿಡಿ ಮಾಡೋರ ಪುಸ್ತಕ, ಶೂಟಿಂಗ್ ಜೋಕ್ಸ್ ಇರುತ್ತೆ ಅಂತ ತೆಗೆದೋರಿಗೆ ಶಾಕ್, ಯಾಕಂದ್ರೆ ಪುಸ್ತಕ ಶುರುವಾಗೋದೇ ಅಪ್ಪನಿಂದ. ಆ ಟೆನಿಸ್ ಹುಚ್ಚಿನ ಅಪ್ಪ, ಎರಡನೇ ಮಹಾಯುದ್ಧದ ಕಾಲದಲ್ಲಿ ವಾರ್ಸಾದಲ್ಲಿ ಇನ್ನೂ ಹುಡುಗ, ನಾಜಿಗಳ ವಿರುದ್ಧ ಗುಟ್ಟಾಗಿ ಹೋರಾಡ್ತಿದ್ದ ಪಡೆಯಲ್ಲಿ ಇದ್ರು, ಶತ್ರುಗಳಿಗೆ ಸುಳಿವು ಕೊಡ್ತಿದ್ದ ದ್ರೋಹಿಗಳನ್ನ ಕೊಲ್ಲೋದು ಅವರ ಪಡೆಯ ಕೆಲಸ. ಅಂಥಾ ಮನುಷ್ಯ ಕೊನೆಗೆ ಮೆಲ್ಬರ್ನ್ ಸಬರ್ಬ್‌ನಲ್ಲಿ ಹುಲ್ಲು ಕತ್ತರಿಸ್ಕೊಂಡು ಮಕ್ಕಳನ್ನ ಬೆಳೆಸಿದ್ರು. ಮಗಳಿಗೆ ಒಂದು ಗುಟ್ಟು, ಅಪ್ಪನಿಗೆ ಒಂದು ಗುಟ್ಟು, ಎರಡೂ ಒಂದೇ ಸೂರಿನ ಕೆಳಗೆ. 2016ರಲ್ಲಿ ಆಸ್ಟ್ರೇಲಿಯನ್ ಬುಕ್ ಇಂಡಸ್ಟ್ರಿ ಪ್ರಶಸ್ತಿಗಳಲ್ಲಿ ವರ್ಷದ ಪುಸ್ತಕ ಅಂತ ಆಯ್ಕೆ ಆಯ್ತು, ಸೆಲೆಬ್ರಿಟಿ ಅಂತ ಸುಮ್ನೆ ಕೊಟ್ಟಿದ್ದಲ್ಲ, ಓದಿದ್ರೆ ಗೊತ್ತಾಗುತ್ತೆ.

2025ರ ಮೇ ತಿಂಗಳಲ್ಲಿ ತನಗೆ ನಾಲ್ಕನೇ ಹಂತದ ರಕ್ತದ ಕ್ಯಾನ್ಸರ್, ಮ್ಯಾಂಟಲ್ ಸೆಲ್ ಲಿಂಫೋಮಾ ಅಂತ ಹೇಳ್ಕೊಂಡ್ರು, ತಲೆಕೂದಲು ಬೋಳಿಸ್ಕೊಂಡು ತಾವೇ ವಿಡಿಯೋ ಹಾಕಿದ್ರು. ಅದೇ ವರ್ಷ ಆಗಸ್ಟ್‌ನಲ್ಲಿ, ಟ್ರೀಟ್‌ಮೆಂಟ್ ನಡೀತಿರೋವಾಗ್ಲೇ, ಆಸ್ಟ್ರೇಲಿಯನ್ ಟಿವಿಯ ದೊಡ್ಡ ಪ್ರಶಸ್ತಿ ಲೋಗಿ, ಅದರ ಹಾಲ್ ಆಫ್ ಫೇಮ್‌ಗೆ ಇವರನ್ನ ಸೇರಿಸಿದ್ರು.

ನೋಡ್ಬೇಕು ಅನ್ನೋರಿಗೆ ಒಂದು ಸಲಹೆ. ಮನೇಲಿ ಮಕ್ಕಳಿದ್ರೆ ಬೇಬ್‌ನಿಂದ ಶುರು ಮಾಡಿ, 1998ರಲ್ಲಿ ಬಂದ ಎರಡನೇ ಭಾಗದಲ್ಲಿ ಎಸ್ಮಿಗೆ ಇನ್ನೂ ಜಾಸ್ತಿ ಕೆಲಸ ಇದೆ, ಕೊನೇಲಿ ದೊಡ್ಡ ಹಾಲ್‌ನಲ್ಲಿ ಉಬ್ಬಿದ ಪ್ಯಾಂಟ್ ಹಾಕ್ಕೊಂಡು ಹಾರಾಡ್ತಾರೆ. ಕ್ರಿಕೆಟ್ ಹುಚ್ಚರು ಮಾತ್ರ ಸೀದಾ ಕ್ಯಾತ್ ಅಂಡ್ ಕಿಮ್ ನಾಲ್ಕನೇ ಸರಣಿಗೆ ಹೋಗಿ, 2007ರದ್ದು. ಶ್ಯಾರನ್‌ಗೆ ಶೇನ್ ವಾರ್ನ್ ಅಂದ್ರೆ ಪ್ರಾಣ, ಕೊನೆಗೆ ಅವಳಿಗೆ ಮದುವೆ ಆಗುತ್ತೆ, ಹುಡುಗ ವಾರ್ನ್ ಥರಾನೇ ವೇಷ ಹಾಕ್ಕೊಂಡು ಓಡಾಡೋ ವೇಯ್ನ್ ಅನ್ನೋನು, ಆ ಪಾತ್ರ ಮಾಡಿರೋದು ಸ್ವತಃ ಶೇನ್ ವಾರ್ನ್! ನಮ್ಮ ಬ್ಯಾಟ್ಸ್‌ಮನ್‌ಗಳಿಗೆ ಅಷ್ಟು ಕಾಟ ಕೊಟ್ಟ ಮನುಷ್ಯ ಮ್ಯಾಗ್ಡಾ ಪಕ್ಕದಲ್ಲಿ ಮದುಮಗನಾಗಿ ನಿಂತ್ಕೊಂಡಿರೋದು ನೋಡೋಕಾದ್ರೂ ನೋಡಿ. ಬರ್ತೀನಿ, ನಮಸ್ಕಾರ.